ತಾರೀಖಿನ ದಿನ ಕಳಚಿಟ್ಟ ಬಳೆ

ಮಸ್ಕಿಯ ಬಸ್ ನಿಲ್ದಾಣ ಬಂತೆಂದರೆ ದೀಪಾ ಕೈಬಳೆ ಕಳಚಿ ಅತ್ತೆಯ ಚೀಲಕ್ಕೆ ಹಾಕುತ್ತಿದ್ದಳು, ಹಣೆಯ ಬೊಟ್ಟನ್ನು ಸೆರಗಿನಿಂದ ಒರೆಸಿಕೊಳ್ಳುತ್ತಿದ್ದಳು. ಲಿಂಗಸುಗೂರಿನ ಕೋರ್ಟಿನಲ್ಲಿ ತಾರೀಖು ಇದ್ದ ದಿನವೆಲ್ಲ ಇದೇ ಪದ್ಧತಿ. ಹಾಗೆ ಹೇಳಿಕೊಟ್ಟವನು ಅತ್ತೆ ಮುದುಕಮ್ಮನ ಮೈದುನ ಲಾಲಪ್ಪ. ಅವನು ಸರಕಾರಿ ಕಚೇರಿಯಲ್ಲಿ ಜವಾನನಾಗಿದ್ದು ನಿವೃತ್ತನಾದವನು. ಸಂತೆಕಲ್ಲೂರಿನ ಅವರ ಓಣಿಗೆ ಕಾನೂನೆಂದರೆ ಅವನೇ.

“ಅತ್ತಿಗೀ, ಗಂಡ ಸತ್ತಾಕಿ ಹಂಗ ಕಾಣಬೇಕು ನೋಡು. ಉಡಿಕಿ ಆದಳಂದ್ರ ಕೇಸ್ ಖತಂ. ಪರಿಹಾರದ ಹೆಸರೂ ತಗಿಯಂಗಿಲ್ಲ,” ಎಂದು ಅವನು ಮೊದಲ ದಿನವೇ ಹೇಳಿದ್ದ.

ಗಂಡ ಸತ್ತವಳಿಗೆ ಮತ್ತೊಂದು ಸಂಸಾರ ಕಟ್ಟಿಕೊಡುವ ಉಡಿಕೆ ಅವರ ಕುಲದಲ್ಲಿ ಹಿಂದಿನಿಂದ ನಡೆದುಬಂದದ್ದು. ಮುದುಕಮ್ಮನ ಮಗ ಮಲ್ಲೇಶ ಸಿಂಧನೂರಿನಿಂದ ಬೈಕಿನಲ್ಲಿ ಬರುವಾಗ ಭತ್ತದ ಲಾರಿ ಹೊಡೆದು ತೀರಿಕೊಂಡು ಮೂರು ವರ್ಷ ದಾಟಿತ್ತು; ಅದರ ಪರಿಹಾರಕ್ಕೇ ಈ ಕೇಸು. ಮಕ್ಕಳಿರಲಿಲ್ಲ. ಗೊರೇಬಾಳದ ನರಸಣ್ಣನೆಂಬವನು, ಹೆಂಡತಿಯನ್ನು ಕಳೆದುಕೊಂಡವನು, ದೀಪಾಳನ್ನು ನಾಟಿಯ ಗದ್ದೆಯಲ್ಲಿ ಕಂಡು, ತನ್ನ ಅಕ್ಕನಿಂದ ಕೇಳಿಸಿದ್ದ. ದೀಪಾಳಿಗೂ ಮನಸ್ಸಿತ್ತು. “ಕೇಸ್ ಮುಗೀಲಿ,” ಎಂದಿದ್ದಳು ಮುದುಕಮ್ಮ. ಆ ಅಕ್ಕ ಎರಡು ಸಲ ಬಂದುಹೋದಳು. ಎರಡನೆಯ ಸಲ ಹೊಸಿಲಲ್ಲೇ ನಿಂತು, “ದಸರಾ ತನಕ ನೋಡ್ತೀವಬೇ, ಆಮ್ಯಾಲ ಬ್ಯಾರೆ ಕಡೆ ಕೇಳ್ತೀವಿ,” ಎಂದಳು. ದಸರೆ ಮುಗಿದು ಈಗ ದೀಪಾವಳಿಯೂ ಹತ್ತಿರ ಬಂದಿತ್ತು.

ಮುದುಕಮ್ಮ ಬಾಯಿಲ್ಲದ ಹೆಂಗಸೇನಲ್ಲ. ಊರ ಹೆಣ್ಣುಮಕ್ಕಳನ್ನು ಕೂಡಿಸಿ ಕಾಲುವೆ ಸೀಮೆಗೆ ನಾಟಿಗೆ ಕರೆದೊಯ್ಯುತ್ತಿದ್ದವಳು. ಗದ್ದೆಯ ಯಜಮಾನರ ಎದುರು ಸೊಂಟಕ್ಕೆ ಕೈಕೊಟ್ಟು ನಿಂತು ಕೂಲಿ ಚೌಕಾಸಿ ಮಾಡಿದರೆ ಬದುವಿನಾಚೆಗೂ ಕೇಳುತ್ತಿತ್ತು. ಅಂಥವಳು ಕೋರ್ಟಿನ ಮೆಟ್ಟಿಲೇರಿದರೆ ಮೂಕಿಯಾಗುತ್ತಿದ್ದಳು. “ನಾ ಕೇಳಿದ್ದಕ್ಕಷ್ಟ ಮಾತಾಡ್ರಿ, ಹೆಚ್ಚಿಗಿ ಬಾಯಿ ಬಿಡಬ್ಯಾಡ್ರಿ,” ಎಂದು ವಕೀಲ ಚನ್ನವೀರ ಆರಂಭದಲ್ಲಿ ಎಚ್ಚರಿಸಿದ್ದ ಮಾತನ್ನು ಆಕೆ ವ್ರತದಂತೆ ಪಾಲಿಸಿದ್ದಳು.

ಅಂದೂ ಮಧ್ಯಾಹ್ನದವರೆಗೆ ಬೇವಿನ ಮರದ ಕೆಳಗೆ ಕುಳಿತದ್ದೇ ಬಂತು. ಇನ್ಶೂರೆನ್ಸ್ ಕಂಪನಿಯ ವಕೀಲರು ಬಂದಿರಲಿಲ್ಲ. ಚನ್ನವೀರ ಕರಿ ಕೋಟು ಕಳಚುತ್ತ ಹೊರಗೆ ಬಂದು, “ಮುಂದಕ್ಕ ಹಾಕ್ಯಾರ್ರೀ ಯಮ್ಮಾ. ಸಂಕ್ರಾಂತಿ ಆದ ಮ್ಯಾಲ,” ಎಂದ.

ಮುದುಕಮ್ಮ ಸೊಸೆಯ ಬೋಳು ಕೈಗಳನ್ನು ನೋಡಿದಳು. ಮೊಣಕಾಲು ಹಿಡಿದುಕೊಂಡು ಮೆಲ್ಲಗೆ ಎದ್ದಳು.

“ಸಾಹೇಬ್ರ, ಸಾಕಾತು. ಕೇಸ್ ಹೋದ್ರ ಹೋಗಲಿ. ಈಕಿದು ಉಡಿಕಿ ಮಾಡ್ತೀನಿ.”

“ಮಾಡ್ರಿ. ಅದಕ್ಕ ಕೇಸ್ ಯಾಕ ಹೋಗತದ?”

“ಪರಿಹಾರ ಕೊಡಂಗಿಲ್ಲಂತಲ್ರೀ?”

“ಯಾರು ಹೇಳ್ಯಾರ ನಿಮಗ? ಮತ್ತ ಮದುವ್ಯಾದ್ರ ಮೊದಲಿನ ಗಂಡ ಸತ್ತದ್ದು ಸುಳ್ಳಾಗತದೇನು? ಆಕಿ ಹಕ್ಕು ಆಕಿಗೆ ಇರ್ತದ.” ಆಗ ಅವನ ಕಣ್ಣು ದೀಪಾಳ ಹಣೆಯತ್ತ ಹೋಯಿತು. “ಇಷ್ಟು ದಿನ ಇದಕ್ಕ ಹಿಂಗ ಕರ್ಕೊಂಡು ಬರಾಕತ್ತಿದ್ರೇನು? ಒಂದು ಮಾತು ಕೇಳಬಾರದಿತ್ತೇನ್ರೀ?”

“ಬಾಯಿ ಬಿಡಬ್ಯಾಡ ಅಂದಿದ್ರಲ್ರೀ,” ಎಂದಳು ಮುದುಕಮ್ಮ.

ಚನ್ನವೀರ ಕೋಟನ್ನು ಒಂದು ತೋಳಿನಿಂದ ಇನ್ನೊಂದು ತೋಳಿಗೆ ಹಾಕಿಕೊಂಡು ಒಳಗೆ ಹೋದ.

ಬಸ್ಸಿನಲ್ಲಿ ದೀಪಾ ಕಿಟಕಿಗೆ ತಲೆ ಕೊಟ್ಟು ಕಣ್ಣು ಮುಚ್ಚಿದಳು. ಅವಳು ಬೈದಿದ್ದರೆ ಮುದುಕಮ್ಮನಿಗೆ ಹಗುರಾಗುತ್ತಿತ್ತು, ಅವಳು ಬೈಯಲಿಲ್ಲ. ಲಾಲಪ್ಪನ ಮೇಲೂ ಮುದುಕಮ್ಮನಿಗೆ ಸಿಟ್ಟು ಬರಲಿಲ್ಲ. ಸಿಟ್ಟಿಗೂ ಮೈಯಲ್ಲಿ ಕಸುವು ಬೇಕಲ್ಲ! ಕಂಡಕ್ಟರ್ ಬಂದು ಆಧಾರ್ ಕಾರ್ಡನ್ನು ತಿರುಗಿಸಿ ನೋಡಿ, “ಇದು ನಿಂದ ಫೋಟೋ ಏನಬೇ ಅಜ್ಜಿ?” ಎಂದು ನಕ್ಕ.

“ನಂದಪ್ಪ. ಕೋರ್ಟಿಗೆ ಅಡ್ಡಾಡೂದಕಿಂತ ಮೊದಲಿಂದು.”

ಅವನು ನಗುವುದನ್ನು ನಿಲ್ಲಿಸಿ ಟಿಕೇಟು ಹರಿದುಕೊಟ್ಟ. ಹೆಂಗಸರು ಈಗ ಸರಕಾರಿ ಬಸ್ಸಿನಲ್ಲಿ ದುಡ್ಡು ಕೊಡಬೇಕಿಲ್ಲ. ಹೋಗುವ ಊರು ಹೇಳಿದರಾಯಿತು.

ಮಸ್ಕಿಯ ಗುಡ್ಡ ಕಂಡಾಗ ದೀಪಾ ಎಚ್ಚೆತ್ತಳು. ಸಂತೆಕಲ್ಲೂರಿನ ಆಟೋ ಹಿಡಿಯಲು ಅಲ್ಲಿಯೇ ಇಳಿಯಬೇಕು. ಬಸ್ಸು ನಿಂತಿತು. ಜನ ಇಳಿದರು, ಮತ್ತೆ ಹತ್ತಿದರು. ಮುದುಕಮ್ಮ ಕದಲಲಿಲ್ಲ.

“ಅತ್ತೀ, ಮಸ್ಕಿ ಬಂತು. ಏಳು.”

“ಕುಂದ್ರು. ಸಿಂಧನೂರಿನ ತನಕ ಟಿಕೇಟ್ ತಗೊಂಡೀನಿ. ಅಲ್ಲಿಂದ ಗೊರೇಬಾಳಕ್ಕ ಆಟೋ ಸಿಗತಾವ.”

ಬಸ್ಸು ಹೊರಟಿತು. ದೀಪಾ ಅತ್ತೆಯ ಕಡೆ ತಿರುಗಿದಳು.

“ದಸರಾ ಆಗಿ ಹೋತಲ್ಲತ್ತಿ. ಅವರು ಬ್ಯಾರೆ ಕಡೆ ಮಾಡಿದ್ರ?”

“ಮಾಡಿದ್ರ ತಿರುಗಿ ಬರೂಣು. ಮೊದಲ ಹೋಗಿ ಕೇಳೂಣು. ಕೇಳಲಾರದನ ಮೂರು ವರ್ಷ ಕಳದ್ವಿ.”

ಮುದುಕಮ್ಮ ಚೀಲದಲ್ಲಿ ಕೈಯಾಡಿಸಿದಳು. ರೊಟ್ಟಿಯ ಗಂಟಿನ ಕೆಳಗಿದ್ದ ಬಳೆಗಳನ್ನು ತೆಗೆದು, ಅಂಟಿದ ಹಿಟ್ಟನ್ನು ಸೆರಗಿನಿಂದ ಒರೆಸಿ ಸೊಸೆಯ ಮಡಿಲಲ್ಲಿಟ್ಟಳು. ಭತ್ತದ ಲಾರಿಯೊಂದು ಎದುರಿನಿಂದ ಬರುತ್ತಿತ್ತು. ಅದು ದಾಟಿ ಹೋಗುವವರೆಗೆ ಇಬ್ಬರೂ ಮುಂದಿನ ಸೀಟಿನ ಸರಳನ್ನು ಬಿಗಿಯಾಗಿ ಹಿಡಿದುಕೊಂಡಿದ್ದರು.