ಡ್ಯಾಂಪ್ ವಾಲ್ಸ್ ತಂಡದ ನಾರ್ಮನ್
ಇಂಗ್ಲೆಂಡಿನ ಬರ್ನ್‌ಲಿ ಪೇಟೆಯಲ್ಲಿ ಮೀನು-ಚಿಪ್ಸ್ ಅಂಗಡಿ ನಡೆಸುವ ನಾರ್ಮನ್ ಥ್ರೆಲ್ಫಾಲ್‌ನನ್ನು ಯಾರಾದರೂ ಅಂಗಡಿಯವನೆಂದು ಕರೆದರೆ ಅವನಿಗೆ ಕಿವಿ ಕೇಳಿಸುವುದಿಲ್ಲ. ಅವನು ‘ಡ್ಯಾಂಪ್ ವಾಲ್ಸ್’ ತಂಡದ ಬೇಸ್ ಗಿಟಾರ್ ವಾದಕ. ಎಪ್ಪತ್ತರ ದಶಕದ ಕೊನೆಗೆ, ಪಂಕ್ ಸಂಗೀತದ ಗದ್ದಲ ಅಡಗುವ ಹೊತ್ತಿಗೆ ಹುಟ್ಟಿದ ಆ ನಾಲ್ವರ ತಂಡ ಎರಡು ರೆಕಾರ್ಡು ತಂದು, ಒಮ್ಮೆ ರೇಡಿಯೋದಲ್ಲಿ ಕೇಳಿಸಿ, ಲೋಕದ ನೆನಪಿನಿಂದ ಜಾರಿಹೋಯಿತು. ಲೋಕ ಮರೆತರೇನು, ನಾರ್ಮನ್ ಮರೆತಿಲ್ಲ. ಬೇಸಗೆಯಲ್ಲೂ ವೇದಿಕೆಯ ದಿನಗಳ ಆ ಉದ್ದನೆಯ ಕಪ್ಪು ಕೋಟು ತೊಟ್ಟೇ ಮೀನು ಕರಿಯುತ್ತಾನೆ. ಯಾವ ಹೊಸ ಹಾಡು ಕೇಳಿದರೂ “ಇದು ನಮ್ದೇ, ಕದ್ದಿದಾರೆ” ಎನ್ನುತ್ತಾನೆ. ಹವಾಮಾನ ವರದಿಗೆ ಮುಂಚೆ ಬರುವ ಸಂಗೀತಕ್ಕೂ ಒಮ್ಮೆ ಹಾಗೆಯೇ ಅಂದಿದ್ದ. “ಏನಪ್ಪಾ ನಾರ್ಮ್, ಲಂಡನ್ನಿಂದ ಕರೆ ಬಂತಾ?” ಎಂದು ಗಿರಾಕಿಗಳು ಕೆಣಕಿದರೆ, “ಅವರಿಗಿನ್ನೂ ಕಿವಿ ಮೂಡಿಲ್ಲ. ಚಿಪ್ಸಿಗೆ ವಿನಿಗರ್ ಹಾಕ್ಲಾ?” ಎನ್ನುತ್ತಾನೆ. “ಹಾಡು ಮುಗಿಯೋವರೆಗೂ ಕೂತಿದ್ದವಳು ನಾನೊಬ್ಳೇ, ಅದಕ್ಕೇ ನನ್ನ ಮದ್ವೆ ಆದ” ಎಂದು ಒಳಗಿನಿಂದ ಹೆಂಡತಿ ಮೋರೀನ್ ಸೇರಿಸುತ್ತಾಳೆ. ಈಚೆಗೆ ಲೀಡ್ಸಿನ ಸಂಗೀತೋತ್ಸವವೊಂದರವರು ನಿಜಕ್ಕೂ ಫೋನು ಮಾಡಿ ತಂಡವನ್ನು ಕರೆದರು, ಆದರೆ ಡ್ರಮ್ಮಿಗೆ ಬೇರೆ ಯಾರನ್ನಾದರೂ ಕರೆತನ್ನಿ ಎಂದರು. ಪಾರ್ಶ್ವವಾಯು ಬಡಿದ ಮೇಲೆ ತಂಡದಲ್ಲಿ ಡ್ರಮ್ ಬಾರಿಸುವ ಲೆಸ್ಲಿಯ ಬಲಗೈಗೆ ಮೊದಲಿನ ವೇಗವಿಲ್ಲ. “ಬಂದ್ರೆ ನಾಲ್ವರೂ ಬರ್ತೀವಿ” ಎಂದು ನಾರ್ಮನ್ ಫೋನಿಟ್ಟ. ಲೆಸ್ಲಿಗೆ ಆ ವಿಷಯ ಹೇಳಲೂ ಇಲ್ಲ. ಈಗಲೂ ಪ್ರತಿ ಭಾನುವಾರ ಮಧ್ಯಾಹ್ನ ಚರ್ಚಿನ ಸಭಾಂಗಣದಲ್ಲಿ ಅವರ ತಾಲೀಮು ನಡೆಯುತ್ತದೆ, ಆ ಬಲಗೈಗೆ ಎಟುಕುವಷ್ಟು ನಿಧಾನವಾಗಿ ನಾರ್ಮನ್ ನುಡಿಸುತ್ತಾನೆ. “ಏನೋ ಇದು, ಹಿಂಗೆ ಎಳೀತೀಯ? ಮುದುಕ ಆದೆ ನೀನು” ಎಂದು ಲೆಸ್ಲಿ ಗೊಣಗುತ್ತಾನೆ. “ಹೌದು ಕಣೋ, ಬೆರಳು ಮಾತು ಕೇಳ್ತಿಲ್ಲ. ನೀನೇ ಸ್ವಲ್ಪ ಸುಧಾರಿಸ್ಕೊಂಡು ಹೋಗು.”