ನೆಗೆಣ್ಣಿ ಕಡಿದ ಎಳ್ಳಿನ ಚಿಕ್ಕಿ

ಕಮಲಾಪುರದಲ್ಲಿ ನನಗೂ ಮೈದುನನ ಹೆಂಡತಿಯಾದ ನನ್ನ ನೆಗೆಣ್ಣಿಗೂ ಅಂಗಳ ಒಂದೇ, ಒಲೆ ಬೇರೆ. ಈಗ ಯಾರೂ ಬೀಸದ ಬೀಸುಕಲ್ಲು ಯಾರದೆಂದು ಜಗಳವಾಗಿ ವರ್ಷವಿಡೀ ಮಾತು ಬಿಟ್ಟಿದ್ದೆವು. ಬಾಯಿ ಸಪ್ಪಗಾಗಿತ್ತು. ಆದರೆ ಮೊದಲು ಮಾತಾಡಿದವಳು ಸೋತಂತೆ. ಹಾಗಾಗಿ ಇಬ್ಬರೂ ಎಮ್ಮೆಯ ಜೊತೆ ಮಾತಾಡುತ್ತಿದ್ದೆವು.

ಸಂಕ್ರಾಂತಿಗೆ ಕಲಬುರಗಿಯಿಂದ ಬಂದ ಸೊಸೆ, "ಅತ್ತಿ, ಎಳ್ಳು-ಬೆಲ್ಲ ಕೊಟ್ಟು ಮಾತಾಡ್ಸ್ರಿ. ಹಬ್ಬದಾಗ ಕೊಟ್ರ ಸೋತಂಗಲ್ರಿ" ಎಂದಳು. ಎಳ್ಳು ಹುರಿದು ಬೆಲ್ಲದ ಪಾಕಕ್ಕಿಟ್ಟೆ. ನೆಗೆಣ್ಣಿಗೆ ಏನೆನ್ನಲಿ ಎಂದು ಯೋಚಿಸುತ್ತ ನಿಂತಾಗ ಪಾಕ ಏರಿಹೋಯಿತು. ಚಿಕ್ಕಿ ಕಬ್ಬಿಣದಂತಾಯಿತು. ಚೆಲ್ಲಲು ಮನಸ್ಸಾಗದೆ ಅದನ್ನೇ ಒಯ್ದು, ತುಟಿ ಬಿಚ್ಚದೆ ಅವಳ ಕೈಗಿಟ್ಟೆ.

ಹಬ್ಬದ ಮರ್ಯಾದೆಗೆ ಅವಳೂ ಮಾತಿಲ್ಲದೆ ಕಡಿದಳು. ಕಲಬುರಗಿಯಲ್ಲಿ ಹೊಸದಾಗಿ ಕಟ್ಟಿಸಿದ್ದ ಹಲ್ಲಿನ ಸೆಟ್ಟು ಚಿಕ್ಕಿಯ ಸಮೇತ ಕೈಗೆ ಬಂತು. ಅದನ್ನು ಮತ್ತೆ ಬಾಯಿಗೆ ತುರುಕಿಕೊಂಡು ಶುರು ಮಾಡಿದಳು.

"ನಿನ್ನ ಕೈಗೆ ಬೆಂಕಿ ಹತ್ಲಿ! ಚಿಕ್ಕಿ ತಂದೀಯೋ, ಶಹಾಬಾದ ಫರಸಿಕಲ್ಲು ತಂದೀಯೋ?"

"ಬಾಡಿಗಿ ಹಲ್ಲು ಇಟ್ಕೊಂಡು ಚಿಕ್ಕಿಗ್ಯಾಕ ಬೈತೀ ಯವ್ವಾ?"

ವರ್ಷದ ಬಾಕಿಯೆಲ್ಲ ಹೊರಬಂತು. ಬೀಸುಕಲ್ಲು, ಎಮ್ಮೆ, ಸತ್ತ ಅತ್ತೆ, ಯಾರನ್ನೂ ಬಿಡಲಿಲ್ಲ. ಸೊಸೆ ಹೆದರಿ ಬಿಡಿಸಲು ಓಡಿಬಂದಳು.

"ನೀ ಸುಮ್ನಿರು, ನಾವು ಮಾತಾಡಾಕತ್ತೀವಿ" ಎಂದು ಇಬ್ಬರೂ ಒಟ್ಟಿಗೇ ಗದರಿಸಿದೆವು.