ಮೂರನೇ ಗುಳಿಗೆ

ನಮ್ಮ ನಾಯಿ ರಾಜಾ ಕಪ್ಪಗೆ ವಾಂತಿ ಮಾಡಿಕೊಂಡಾಗ ನಾನು ಮೊದಲು ಸಂಶಯಪಟ್ಟಿದ್ದು ಡಾಕ್ಟರನ್ನೇ. ಕುಂಟುವ ಕಾಲಿಗೆ ನೋವಿನ ಗುಳಿಗೆ, ಮೈಮೇಲೆ ಕಚ್ಚಿಕೊಂಡು ರಕ್ತ ಹೀರುವ ಉಣ್ಣೆಗೆ ಇನ್ನೊಂದು. ಎರಡನ್ನೂ ಒಟ್ಟಿಗೆ ಬರೆದುಕೊಟ್ಟವರು ಅವರೇ. ಉಣ್ಣೆಯ ಗುಳಿಗೆ ನುಂಗಿದ ಕೂಡಲೇ ವಾಂತಿಯಾಯಿತೆಂದು ಗಾಜಿಪುರದ ನಮ್ಮ ಮನೆಯಿಂದ ಪಶು ಆಸ್ಪತ್ರೆಯವರೆಗೂ ಆಟೋದಲ್ಲಿ ಹೇಳುತ್ತಲೇ ಇದ್ದೆ.

“ತೂಕ, ರಕ್ತ ಎಲ್ಲಾ ನೋಡೇ ಎರಡೂ ಕೊಟ್ಟೀನ್ರಿ. ಮೂರನೇದು ಏನರ ಹಾಕೀರೇನು?” ಎಂದರು ಡಾಕ್ಟರ್.

ಕಮಲಾಪುರದಿಂದ ನಮ್ಮ ಮನೆಗೆ ಬಂದಿದ್ದ ಅತ್ತೆ ಸೆರಗು ಹಿಂಡಿದರು. “ಪಾಪ, ಕುಂಟಾಕತ್ತಿತ್ರೀ. ನನ್ನ ಮೊಣಕಾಲ ನೋವಿನ ಗುಳಿಗಿ ನಮ್ಮೂರ ಕೆಂಪು ಬಾಳೆಹಣ್ಣಿನಾಗ ಇಟ್ಟು ಕೊಟ್ಟೀನಿ. ನನಗ ಅದರಿಂದ ಆರಾಮ ಆಗ್ತದಲ್ರೀ!”

“ನಿಮಗ ಆರಾಮ, ಅದಕ್ಕ ವಿಷ ಅಮ್ಮಾರ. ಎರಡು ನೋವಿನ ಗುಳಿಗಿ ಕೂಡಿ ಹೊಟ್ಟಿ ಹುಣ್ಣು ಮಾಡ್ಯಾವ,” ಎನ್ನುತ್ತ ಅವರು ಸಲೈನ್ ಹಚ್ಚಿದರು.

ರಾಜಾ ಉಳಿದ. ಉಣ್ಣೆಯ ಗುಳಿಗೆ ನುಂಗಿದ ಕೂಡಲೇ ವಾಂತಿಯಾಗಿತ್ತೇ, ಇಲ್ಲವೇ ನನ್ನ ಸಂಶಯವೇ ಹಾಗೆ ಜೋಡಿಸಿಕೊಂಡಿತೇ, ಈಗ ಆಣೆಯಿಟ್ಟು ಹೇಳಲಾರೆ. ಅತ್ತೆ ಇಂದಿಗೂ ಕಮಲಾಪುರದ ಹಣ್ಣು ತರುತ್ತಾರೆ. ರಾಜಾ ಬಾಲ ಅಲ್ಲಾಡಿಸುತ್ತ ಓಡುತ್ತಾನೆ; ಹಣ್ಣನ್ನು ಮುರಿದು ಒಳಗೆ ನೋಡುವವಳು ನಾನು.